ಆರಕ್ಕೆ ಐದು: ಲೆಬನಾನಿನ ಪಾಲುಪಟ್ಟಿ

1943ರ ಜೂನ್ ತಿಂಗಳಲ್ಲಿ ಬೈರೂತಿನಿಂದ ಹೊರಬಿದ್ದ ಒಂದು ಸರ್ಕಾರಿ ಆಜ್ಞೆ ಲೆಬನಾನನ್ನು ಕೆಲವು ವಾರ ಕುದಿಯುವಂತೆ ಮಾಡಿತು. ಫ್ರಾನ್ಸಿನ ಹಿಡಿತದಲ್ಲಿದ್ದ ಆ ಪುಟ್ಟ ನಾಡಿನ ಹಂಗಾಮಿ ಮುಖ್ಯಸ್ಥ ಅಯೂಬ್ ತಾಬಿತ್ ಅವರು ಬರಲಿದ್ದ ಚುನಾವಣೆಗೆ 54 ಸ್ಥಾನಗಳನ್ನು ಗೊತ್ತುಮಾಡಿ, 32 ಕ್ರೈಸ್ತರಿಗೆ, 22 ಮುಸ್ಲಿಮರಿಗೆ ಎಂದು ಪ್ರಕಟಿಸಿದ್ದರು. ಹೊರದೇಶಗಳಿಗೆ ವಲಸೆ ಹೋದವರನ್ನೂ ಲೆಕ್ಕಕ್ಕೆ ಹಿಡಿದ ಹಂಚಿಕೆ ಅದು. ವಲಸೆ ಹೋದವರಲ್ಲಿ ಹೆಚ್ಚಿನವರು ಕ್ರೈಸ್ತರು. ಮುಸ್ಲಿಂ ಮುಖಂಡರು ಸಿಟ್ಟಿಗೆದ್ದು ಚುನಾವಣೆಯನ್ನೇ ಬಹಿಷ್ಕರಿಸುವ ಮಾತೆತ್ತಿದರು. ತಾಬಿತ್ ಪದವಿ ಕಳೆದುಕೊಂಡರು. ಕೊನೆಗೆ ಬ್ರಿಟಿಷ್ ಪ್ರತಿನಿಧಿ ಎಡ್ವರ್ಡ್ ಸ್ಪಿಯರ್ಸ್ ನಡುವೆ ಬಂದ ಮೇಲೆ ರಾಜಿ ಕುದುರಿತು: ಒಟ್ಟು 55 ಸ್ಥಾನ, ಅದರಲ್ಲಿ 30 ಕ್ರೈಸ್ತ ಪಂಗಡಗಳಿಗೆ, 25 ಮುಸ್ಲಿಂ ಮತ್ತು ಡ್ರೂಜ್ ಪಂಗಡಗಳಿಗೆ. ಅಂದರೆ ಆರಕ್ಕೆ ಐದು. ಚುನಾವಣೆ ಕೈತಪ್ಪದಿರಲೆಂದು ಅವಸರದಲ್ಲಿ ಒಪ್ಪಿಕೊಂಡ ಈ ಪ್ರಮಾಣ ಮುಂದೆ 46 ವರ್ಷ ಕದಲಲಿಲ್ಲ. ಸಂಸತ್ತಿನ ಸ್ಥಾನಗಳು 77 ಆದವು, 44 ಆದವು, 66 ಆದವು, 99 ಆದವು. ಆದರೆ ಪ್ರತಿ ಸಲವೂ ಅದು ಹನ್ನೊಂದರಿಂದ ಭಾಗವಾಗುವ ಸಂಖ್ಯೆಯೇ ಆಗಿರಬೇಕಿತ್ತು.

ಧರ್ಮದ ಆಧಾರದ ಮೇಲೆ ಅಧಿಕಾರ ಹಂಚಿದರೆ ನಾಡು ಒಡೆಯುತ್ತದೆ ಎನ್ನುವವರು ಲೆಬನಾನನ್ನು ತೋರಿಸುತ್ತಾರೆ. ಹಂಚದಿದ್ದರೆ ಸಣ್ಣ ಸಮುದಾಯಗಳಿಗೆ ಉಳಿಗಾಲವಿಲ್ಲ ಎನ್ನುವವರೂ ಅದೇ ಲೆಬನಾನನ್ನು ತೋರಿಸುತ್ತಾರೆ. ಇಬ್ಬರಿಗೂ ಅಲ್ಲಿ ಸಾಕ್ಷ್ಯ ಸಿಗುತ್ತದೆ ಎಂಬುದೇ ಆ ದೇಶದ ಚರಿತ್ರೆಯನ್ನು ಮತ್ತೆ ಓದಲು ಸಾಕಾದ ಕಾರಣ. ಹಾಗೆ ಓದಿದಾಗ ಒಂದು ಸಂಗತಿ ಎದ್ದು ಕಾಣುತ್ತದೆ. 1861ರಿಂದ ಇಲ್ಲಿಯವರೆಗೆ ಮಾಡಿಕೊಂಡ ಪ್ರತಿಯೊಂದು ಹಂಚಿಕೆಯೂ ರಕ್ತಪಾತವನ್ನು ನಿಲ್ಲಿಸಿತು ಅಥವಾ ತಡೆಯಿತು. ಆದರೆ ಆ ಹಂಚಿಕೆಯನ್ನು ಕಾಲಕಾಲಕ್ಕೆ ತಿದ್ದುವ ನಿಯತವಾದ ದಾರಿ ಯಾವುದರಲ್ಲೂ ಇರಲಿಲ್ಲ. ಅಣ್ಣತಮ್ಮಂದಿರು ಆಸ್ತಿಗೆ ಪಾಲುಪಟ್ಟಿ ಬರೆದುಕೊಂಡರೆ ಅದು ತಲೆಮಾರುಗಳವರೆಗೆ ನಡೆಯುತ್ತದೆ, ಏಕೆಂದರೆ ಹೊಲದ ಅಳತೆ ಬದಲಾಗುವುದಿಲ್ಲ. ಸಮುದಾಯಗಳ ಅಳತೆ ಬದಲಾಗುತ್ತದೆ. ಜನರ ನಡುವಿನ ಅಧಿಕಾರವನ್ನು ಹೊಲದಂತೆ ಹಂಚಿ ಮುಗಿಸಿದ್ದೇ ಲೆಬನಾನಿನ ಮೂಲ ತೊಡಕು. ಹಂಚಿಕೆ ತಪ್ಪಾಗಿತ್ತೆಂದು ಹೇಳುವುದಕ್ಕೂ ಹಂಚಿಕೆಗೆ ಬೀಗ ಹಾಕಿದ್ದು ತಪ್ಪಾಯಿತೆಂದು ಹೇಳುವುದಕ್ಕೂ ನಡುವೆ ದೊಡ್ಡ ಅಂತರವಿದೆ. ಈ ಲೇಖನ ಎರಡನೆಯದನ್ನು ಹೇಳುತ್ತದೆ.

ಕಥೆ ಶುರುವಾಗುವುದು ಆಟೊಮನ್ ಸಾಮ್ರಾಜ್ಯಕ್ಕೆ ಸೇರಿದ್ದ ಲೆಬನಾನ್ ಪರ್ವತಸೀಮೆಯಲ್ಲಿ. ಅಲ್ಲಿ ರೋಮಿನ ಪೋಪ್‌ಗೆ ನಿಷ್ಠರಾದ ಮರೋನೈಟ್ ಕ್ರೈಸ್ತರೂ ಇಸ್ಲಾಮಿನ ಕವಲಿನಿಂದ ಹುಟ್ಟಿ ತಮ್ಮದೇ ದಾರಿ ಹಿಡಿದ ಡ್ರೂಜರೂ ಅಕ್ಕಪಕ್ಕದ ಊರುಗಳಲ್ಲಿ, ಎಷ್ಟೋ ಕಡೆ ಒಂದೇ ಊರಿನಲ್ಲಿ ಬಾಳುತ್ತಿದ್ದರು. ಅವರ ನಡುವಿನ ಹಗೆ ಅನಾದಿಯದು ಎಂಬ ಮಾತು ಬಹುಕಾಲ ಚಾಲ್ತಿಯಲ್ಲಿತ್ತು. ಇತ್ತೀಚಿನ ಚರಿತ್ರಕಾರರು, ಮುಖ್ಯವಾಗಿ ಉಸಾಮಾ ಮಕ್ದಿಸಿ, ಇದನ್ನು ಒಪ್ಪುವುದಿಲ್ಲ. ಹಳೆಯ ವ್ಯವಸ್ಥೆಯಲ್ಲಿ ಮುಖ್ಯ ಗೆರೆ ಎಳೆದಿದ್ದದ್ದು ಒಡೆಯರ ಮತ್ತು ಒಕ್ಕಲುಗಳ ನಡುವೆ. ಡ್ರೂಜ್ ಶೇಖರೂ ಮರೋನೈಟ್ ಶೇಖರೂ ಒಂದೇ ದರ್ಜೆಯವರೆಂದು ಪರಸ್ಪರ ಗೌರವಿಸುತ್ತಿದ್ದರು. 1840ರ ದಶಕದಲ್ಲಿ ಆಟೊಮನ್ ಸರ್ಕಾರ ಯುರೋಪಿನ ಶಕ್ತಿಗಳ ಒತ್ತಾಯದಿಂದ ಆ ಸೀಮೆಯನ್ನು ಎರಡು ಮಾಡಿ, ಉತ್ತರಕ್ಕೆ ಒಬ್ಬ ಕ್ರೈಸ್ತ, ದಕ್ಷಿಣಕ್ಕೆ ಒಬ್ಬ ಡ್ರೂಜ್ ಅಧಿಕಾರಿಯನ್ನು ಕೂರಿಸಿದಾಗ ಪಂಗಡವೇ ಆಡಳಿತದ ಘಟಕವಾಯಿತು. 1858ರಲ್ಲಿ ಕಿಸ್ರವಾನ್ ಎಂಬಲ್ಲಿ ತಾನ್ಯೂಸ್ ಶಾಹೀನ್ ಎಂಬಾತನ ಮುಂದಾಳುತನದಲ್ಲಿ ಮರೋನೈಟ್ ರೈತರು ದಂಗೆಯೆದ್ದದ್ದು ತಮ್ಮದೇ ಪಂಗಡದ ಖಾಜಿನ್ ಮನೆತನದ ಒಡೆಯರ ಮೇಲೆ. ಆ ದಂಗೆ ದಕ್ಷಿಣಕ್ಕೆ ಹರಿದಾಗ ಅಲ್ಲಿ ಒಡೆಯರು ಡ್ರೂಜರಾಗಿದ್ದರು, ಒಕ್ಕಲುಗಳು ಕ್ರೈಸ್ತರಾಗಿದ್ದರು. ಜಮೀನಿನ ಜಗಳ ಪಂಗಡದ ಜಗಳವಾಗಲು ಹೆಚ್ಚು ದಿನ ಹಿಡಿಯಲಿಲ್ಲ.

1860ರ ಬೇಸಿಗೆಯಲ್ಲಿ ಹಾಸ್ಬಯಾ, ರಶಯಾ, ಜಹ್ಲೆ, ದೈರ್ ಅಲ್-ಕಮರ್ ಪಟ್ಟಣಗಳಲ್ಲಿ ಸಾವಿರಾರು ಕ್ರೈಸ್ತರು ಹತರಾದರು. ಜುಲೈನಲ್ಲಿ ಹಿಂಸೆ ದಮಾಸ್ಕಸ್‌ಗೂ ಹಬ್ಬಿತು. ಮೂರನೇ ನೆಪೋಲಿಯನ್ ಸೈನ್ಯ ಕಳಿಸಿದ. ಬ್ರಿಟನ್, ಫ್ರಾನ್ಸ್, ಆಸ್ಟ್ರಿಯಾ, ಪ್ರಷ್ಯಾ, ರಷ್ಯಾಗಳ ಪ್ರತಿನಿಧಿಗಳು ಆಟೊಮನ್ ಮಂತ್ರಿ ಫುವಾದ್ ಪಾಷಾ ಜೊತೆ ಬೈರೂತಿನಲ್ಲಿ ಕುಳಿತು ರೂಪಿಸಿದ ಕಟ್ಟಳೆ 1861ರ ಜೂನ್‌ನಲ್ಲಿ ಜಾರಿಗೆ ಬಂತು. ಪರ್ವತಸೀಮೆಗೆ ಸ್ವಾಯತ್ತತೆ, ಅದರ ಮೇಲೆ ಹೊರಗಿನಿಂದ ಬಂದ ಕ್ಯಾಥೊಲಿಕ್ ಗವರ್ನರ್, ಅವನ ಜೊತೆಗೆ 12 ಮಂದಿಯ ಆಡಳಿತ ಸಭೆ. ಮೊದಲ ಕಟ್ಟಳೆಯಲ್ಲಿ ಮರೋನೈಟ್, ಡ್ರೂಜ್, ಗ್ರೀಕ್ ಆರ್ಥೊಡಾಕ್ಸ್, ಗ್ರೀಕ್ ಕ್ಯಾಥೊಲಿಕ್, ಸುನ್ನಿ, ಶಿಯಾ ಎಂಬ ಆರು ಪಂಗಡಗಳಿಗೆ ತಲಾ ಎರಡು ಸ್ಥಾನ. ಬಹುಸಂಖ್ಯಾತ ಮರೋನೈಟರು ಇದನ್ನು ಒಪ್ಪಲಿಲ್ಲ. 1864ರಲ್ಲಿ ಕಟ್ಟಳೆ ತಿದ್ದುಪಡಿಯಾಗಿ ಮರೋನೈಟರಿಗೆ 4, ಡ್ರೂಜರಿಗೆ 3, ಗ್ರೀಕ್ ಆರ್ಥೊಡಾಕ್ಸರಿಗೆ 2, ಉಳಿದ ಮೂವರಿಗೆ ತಲಾ ಒಂದು ಎಂದಾಯಿತು. ಮೂರೇ ವರ್ಷದಲ್ಲಿ, ಯುದ್ಧವಿಲ್ಲದೆ, ಕಾಗದದ ಮೇಲೆ ಪಾಲು ಬದಲಾದ ಈ ಪ್ರಸಂಗ ನೆನಪಿನಲ್ಲಿಡುವಂಥದ್ದು, ಏಕೆಂದರೆ ಲೆಬನಾನಿನ ಚರಿತ್ರೆಯಲ್ಲಿ ಅಂಥದ್ದು ಮತ್ತೆ ಅಷ್ಟು ಸುಲಭವಾಗಿ ನಡೆಯಲಿಲ್ಲ. ಆಗ ಅದು ನಡೆದದ್ದು ಹಂಚುವ ಅಧಿಕಾರ ಪಾಲುದಾರರ ಕೈಯಲ್ಲಿ ಇರಲಿಲ್ಲವಾದ್ದರಿಂದ. ಈ ವ್ಯವಸ್ಥೆಯಲ್ಲಿ ಪರ್ವತಸೀಮೆ ಮೊದಲ ಮಹಾಯುದ್ಧದವರೆಗೆ ಅರ್ಧ ಶತಮಾನ ನೆಮ್ಮದಿ ಕಂಡಿತು. ಶಾಂತಿ ಬೇಕಾದರೆ ಪಂಗಡಕ್ಕಿಷ್ಟು ಎಂದು ಕುರ್ಚಿ ಹಂಚಬೇಕು ಎಂಬ ನಂಬಿಕೆ ಬೇರೂರಿದ್ದೂ ಆ ನೆಮ್ಮದಿಯಿಂದಲೇ.

ಯುದ್ಧದ ನಂತರ ಆಟೊಮನ್ ಸಾಮ್ರಾಜ್ಯ ಕುಸಿದು ಸಿರಿಯಾ ಮತ್ತು ಲೆಬನಾನ್ ಫ್ರಾನ್ಸಿನ ಪಾಲಾದವು. ಯುದ್ಧಕಾಲದ ಕ್ಷಾಮದಲ್ಲಿ ಹಸಿವಿನಿಂದ ಸತ್ತವರ ನೆನಪು ಪರ್ವತಸೀಮೆಯಲ್ಲಿ ಹಸಿಯಾಗಿತ್ತು. ಬೆಟ್ಟವೊಂದೇ ಇದ್ದರೆ ಬದುಕಲಾಗದು, ಬೆಕಾ ಕಣಿವೆಯ ಗೋಧಿ ಹೊಲಗಳೂ ಕರಾವಳಿಯ ಬಂದರುಗಳೂ ಬೇಕು ಎಂದು ಮರೋನೈಟ್ ಧರ್ಮಗುರು ಇಲ್ಯಾಸ್ ಹುವಾಯಿಕ್ ಪ್ಯಾರಿಸ್ ಶಾಂತಿ ಸಮ್ಮೇಳನದ ಮುಂದೆ ವಾದಿಸಿದರು. 1920ರ ಸೆಪ್ಟೆಂಬರ್ 1ರಂದು ಫ್ರೆಂಚ್ ಜನರಲ್ ಗುರೋ 'ಮಹಾ ಲೆಬನಾನ್' ಘೋಷಿಸಿದರು. ಬೈರೂತ್, ತ್ರಿಪೋಲಿ, ಸೈದಾ, ಟೈರ್, ಬೆಕಾಗಳು ಒಳಗೆ ಬಂದವು. ನೆಲ ದೊಡ್ಡದಾಯಿತು, ಆದರೆ ಪರ್ವತಸೀಮೆಯಲ್ಲಿ ಬಹಳ ದೊಡ್ಡ ಬಹುಮತದಲ್ಲಿದ್ದ ಕ್ರೈಸ್ತರು ಹೊಸ ನಾಡಿನಲ್ಲಿ ಅರ್ಧಕ್ಕಿಂತ ತುಸು ಹೆಚ್ಚಷ್ಟೇ ಉಳಿದರು. ಹೊಸದಾಗಿ ಸೇರಿದ ಊರುಗಳ ಮುಸ್ಲಿಮರಲ್ಲಿ ಅನೇಕರಿಗೆ ಈ ನಾಡೇ ಬೇಡವಾಗಿತ್ತು. ಅವರ ಮನಸ್ಸು ಸಿರಿಯಾದ ಕಡೆಗಿತ್ತು. 1926ರ ಮೇ 23ರಂದು ಜಾರಿಗೆ ಬಂದ ಸಂವಿಧಾನ ಈ ಬಿರುಕನ್ನು ಹೊಲಿಯಲು ನೋಡಿತು. ಅದರ 95ನೇ ವಿಧಿಯ ಪ್ರಕಾರ ಸರ್ಕಾರಿ ಹುದ್ದೆಗಳಲ್ಲಿಯೂ ಮಂತ್ರಿಮಂಡಲದಲ್ಲಿಯೂ ಪಂಗಡಗಳಿಗೆ ನ್ಯಾಯವಾದ ಪಾಲು ಸಿಗಬೇಕು. ಈ ಏರ್ಪಾಟು ತಾತ್ಕಾಲಿಕ ಎಂದೂ ಅಲ್ಲೇ ಬರೆದಿತ್ತು. ಎಷ್ಟು ಕಾಲ, ಯಾರು ಮುಗಿಸಬೇಕು, ಯಾವ ಕ್ರಮದಲ್ಲಿ ಮುಗಿಸಬೇಕು ಎಂಬುದಕ್ಕೆ ಮಾತ್ರ ಆ ವಿಧಿಯಲ್ಲಿ ಉತ್ತರವಿರಲಿಲ್ಲ.

ಆಗಿನ್ನೂ ಯಾವ ಕುರ್ಚಿ ಯಾವ ಪಂಗಡಕ್ಕೆ ಎಂಬುದು ಗಟ್ಟಿಯಾಗಿರಲಿಲ್ಲ. ಮೊದಲ ಅಧ್ಯಕ್ಷ ಶಾರ್ಲ್ ದಬ್ಬಾಸ್ ಗ್ರೀಕ್ ಆರ್ಥೊಡಾಕ್ಸ್ ಪಂಗಡದವರು. 1932ರಲ್ಲಿ ಅಧ್ಯಕ್ಷ ಚುನಾವಣೆ ಹತ್ತಿರವಾದಾಗ ಇಬ್ಬರು ಮರೋನೈಟ್ ನಾಯಕರ ಪೈಪೋಟಿಯ ನಡುವೆ ತ್ರಿಪೋಲಿಯ ಸುನ್ನಿ ಮುಖಂಡ, ಸಂಸತ್ತಿನ ಅಧ್ಯಕ್ಷ ಶೇಖ್ ಮುಹಮ್ಮದ್ ಅಲ್-ಜಿಸ್ರ್ ಅವರು ಗೆಲ್ಲುವ ಸಾಧ್ಯತೆ ತಲೆಯೆತ್ತಿತು. ಫ್ರೆಂಚ್ ಹೈಕಮಿಷನರ್ ಪೊನ್ಸೊ ಆ ವರ್ಷದ ಮೇ ತಿಂಗಳಲ್ಲಿ ಸಂವಿಧಾನವನ್ನೇ ಅಮಾನತಿನಲ್ಲಿಟ್ಟರು. ಮುಸ್ಲಿಂ ಅಧ್ಯಕ್ಷನೊಬ್ಬ ಪಂಗಡಗಳ ಎಲ್ಲೆ ಮೀರಿದ ಮತಗಳಿಂದ ಆರಿಸಿಬರಬಹುದಾಗಿದ್ದ ಆ ಅವಕಾಶ ಅಲ್ಲಿಗೆ ಮುಚ್ಚಿತು. ಅದೇ ವರ್ಷ ನಡೆದ ಜನಗಣತಿಯಲ್ಲಿ ಕ್ರೈಸ್ತರು ನೂರಕ್ಕೆ 51ರ ಆಸುಪಾಸು ಎಂದಾಯಿತು. ಯಾರನ್ನು ನಾಗರಿಕರೆಂದು ಎಣಿಸಬೇಕು, ವಲಸೆ ಹೋದವರನ್ನು ಸೇರಿಸಬೇಕೇ ಎಂಬ ವಿಷಯದಲ್ಲಿ ಆ ಎಣಿಕೆ ಒಂದು ಕಡೆಗೆ ವಾಲಿತ್ತೆಂದು ರಾನಿಯಾ ಮಕ್ತಬಿ ಅವರಂಥ ಸಂಶೋಧಕರು ತೋರಿಸಿದ್ದಾರೆ. ಆ ವಾಲುವಿಕೆ ಎಷ್ಟೆಂಬ ಚರ್ಚೆ ಹಾಗಿರಲಿ, ಅದಕ್ಕಿಂತ ದೊಡ್ಡ ಪರಿಣಾಮ ಬೇರೆಯದು: ಲೆಬನಾನಿನಲ್ಲಿ ಆಮೇಲೆ ಇಂದಿನವರೆಗೆ ಒಂದೂ ಅಧಿಕೃತ ಜನಗಣತಿ ನಡೆದಿಲ್ಲ. ಪಾಲು ಎಣಿಕೆಯ ಮೇಲೆ ನಿಂತ ಮೇಲೆ ಎಣಿಸುವುದೇ ಅಪಾಯದ ಕೆಲಸವಾಯಿತು.

1943ರ ಚುನಾವಣೆಯ ನಂತರ ಮರೋನೈಟ್ ನಾಯಕ ಬಿಶಾರಾ ಅಲ್-ಖೂರಿ ಅಧ್ಯಕ್ಷರಾದರು, ಸುನ್ನಿ ನಾಯಕ ರಿಯಾದ್ ಅಲ್-ಸುಲ್ಹ್ ಪ್ರಧಾನಿಯಾದರು. ಇಬ್ಬರ ನಡುವಿನ ತಿಳಿವಳಿಕೆಗೆ 'ರಾಷ್ಟ್ರೀಯ ಒಡಂಬಡಿಕೆ' ಎಂಬ ಹೆಸರು ಬಂತು; ಅದನ್ನು ಯಾರೂ ಬರೆದಿಡಲಿಲ್ಲ. ಕ್ರೈಸ್ತರು ಫ್ರಾನ್ಸಿನ ಆಸರೆ ಕೇಳಬಾರದು, ಮುಸ್ಲಿಮರು ಸಿರಿಯಾದೊಂದಿಗೆ ವಿಲೀನ ಕೇಳಬಾರದು. ಅಧ್ಯಕ್ಷ ಮರೋನೈಟ್, ಪ್ರಧಾನಿ ಸುನ್ನಿ. ಸಂಸತ್ತಿನ ಅಧ್ಯಕ್ಷ ಶಿಯಾ ಆಗಬೇಕೆಂಬುದು ಗಟ್ಟಿಯಾಗಲು ಇನ್ನೂ ಕೆಲವು ವರ್ಷ ಹಿಡಿಯಿತು. 1946ರಲ್ಲಿ ಆ ಪೀಠದಲ್ಲಿ ಒಬ್ಬ ಗ್ರೀಕ್ ಆರ್ಥೊಡಾಕ್ಸ್ ಕುಳಿತಿದ್ದರು. 1943ರ ನವೆಂಬರ್‌ನಲ್ಲಿ ಸಂಸತ್ತು ಫ್ರೆಂಚ್ ಆಡಳಿತದ ಉಲ್ಲೇಖಗಳನ್ನು ಸಂವಿಧಾನದಿಂದ ಕಿತ್ತುಹಾಕಿದಾಗ ಫ್ರೆಂಚರು ಅಧ್ಯಕ್ಷ, ಪ್ರಧಾನಿ, ಮಂತ್ರಿಗಳನ್ನು ಬಂಧಿಸಿ ರಶಯಾದ ಕೋಟೆಯಲ್ಲಿಟ್ಟರು. ಕ್ರೈಸ್ತರೂ ಮುಸ್ಲಿಮರೂ ಒಟ್ಟಾಗಿ ಬೀದಿಗಿಳಿದರು. ನವೆಂಬರ್ 22ರಂದು ಅವರ ಬಿಡುಗಡೆಯಾಯಿತು. ಅದೇ ಇಂದಿಗೂ ಲೆಬನಾನಿನ ಸ್ವಾತಂತ್ರ್ಯ ದಿನ. ಒಡಂಬಡಿಕೆಯನ್ನು ಬರೀ ಮುಖಂಡರ ವ್ಯಾಪಾರವೆಂದು ತಳ್ಳಿಹಾಕುವವರು ಈ ಹತ್ತು ಹನ್ನೆರಡು ದಿನಗಳನ್ನು ಮರೆಯಬಾರದು. ಪಾಲು ಸಿಕ್ಕಿದೆ ಎಂಬ ಭರವಸೆ ಇದ್ದುದರಿಂದಲೇ ಎರಡೂ ಕಡೆಯವರು ಒಂದೇ ಸಾಲಿನಲ್ಲಿ ನಿಂತರು.

ಈ ಪಾಲನ್ನು ಮತಪೆಟ್ಟಿಗೆಗೆ ಇಳಿಸಿದ ಬಗೆಯಲ್ಲಿ ಒಂದು ಜಾಣತನವಿತ್ತು, ಅದು ನಮ್ಮ ದೇಶದ ಅನುಭವದೊಂದಿಗೆ ಹೋಲಿಸಿದರೆ ಚೆನ್ನಾಗಿ ತಿಳಿಯುತ್ತದೆ. ಭಾರತದಲ್ಲಿ 1909ರ ಮಾರ್ಲೆ-ಮಿಂಟೊ ಸುಧಾರಣೆ ತಂದದ್ದು ಪ್ರತ್ಯೇಕ ಮತಕ್ಷೇತ್ರಗಳನ್ನು: ಮುಸ್ಲಿಂ ಸ್ಥಾನಕ್ಕೆ ಮುಸ್ಲಿಮರು ಮಾತ್ರ ಮತ ಹಾಕಬೇಕು. ಲೆಬನಾನಿನಲ್ಲಿ ಸ್ಥಾನ ಪಂಗಡಕ್ಕೆ ಮೀಸಲು, ಮತ ಎಲ್ಲರದು. ಶೂಫ್ ಎಂಬ ಕ್ಷೇತ್ರಕ್ಕೆ ಇಂದು ಎಂಟು ಸ್ಥಾನಗಳಿವೆ: ಮರೋನೈಟ್ 3, ಸುನ್ನಿ 2, ಡ್ರೂಜ್ 2, ಗ್ರೀಕ್ ಕ್ಯಾಥೊಲಿಕ್ 1. ಹಳೆಯ ಪದ್ಧತಿಯಲ್ಲಿ ಇಂಥ ಕ್ಷೇತ್ರದ ಮತದಾರ ಯಾವ ಪಂಗಡದವನಾದರೂ ಅಷ್ಟೂ ಸ್ಥಾನಗಳಿಗೆ ಹೆಸರು ಬರೆಯುತ್ತಿದ್ದ. ಮರೋನೈಟ್ ಅಭ್ಯರ್ಥಿಯ ಎದುರಾಳಿ ಇನ್ನೊಬ್ಬ ಮರೋನೈಟನೇ. ಅವನನ್ನು ಸೋಲಿಸಲು ಡ್ರೂಜ್ ಮತ್ತು ಸುನ್ನಿ ಮತಗಳು ಬೇಕು. ಹಾಗಾಗಿ ಪಂಗಡಗಳ ಎಲ್ಲೆ ದಾಟಿ ಜಂಟಿ ಪಟ್ಟಿ ಕಟ್ಟದೆ ಗೆಲುವಿಲ್ಲ, ಇತರರನ್ನು ಬೈದು ಉಳಿಗಾಲವಿಲ್ಲ. ಇದಕ್ಕೊಂದು ಮರುಮುಖವೂ ಇತ್ತು. ತನ್ನ ಪಂಗಡದವರ ವಿಶ್ವಾಸ ಗಳಿಸದೆ, ಬೇರೆಯವರ ಮತದಿಂದ ಆ ಪಂಗಡದ ಪ್ರತಿನಿಧಿಯಾಗುವುದು ಸಾಧ್ಯ. 1932ರಲ್ಲಿ ಪೂನಾ ಒಪ್ಪಂದಕ್ಕೆ ಮುನ್ನ ಡಾ. ಅಂಬೇಡ್ಕರ್ ಜಂಟಿ ಮತಕ್ಷೇತ್ರವನ್ನು ವಿರೋಧಿಸಿದ್ದು ಇದೇ ಕಾರಣಕ್ಕೆ. ಮೀಸಲು ಸ್ಥಾನಕ್ಕೆ ಯಾರ ಮತ ಬೀಳಬೇಕು ಎಂಬ ಆ ಪ್ರಶ್ನೆ ಲೆಬನಾನನ್ನು ಮುಂದೆ ಬೇರೆ ರೂಪದಲ್ಲಿ ಕಾಡಿತು.

ಮೊದಲು ಕಾಡಿದ್ದು ಕ್ಷೇತ್ರದ ಗಡಿಗೆರೆ. 1957ರ ಚುನಾವಣೆಯಲ್ಲಿ ಅಧ್ಯಕ್ಷ ಕಮೀಲ್ ಶಮೂನ್ ಕ್ಷೇತ್ರಗಳನ್ನು ತಮಗೆ ಅನುಕೂಲವಾಗುವಂತೆ ಕತ್ತರಿಸಿದ ಪರಿಣಾಮವಾಗಿ ಡ್ರೂಜ್ ನಾಯಕ ಕಮಾಲ್ ಜುಂಬ್ಲಾತ್, ಬೈರೂತಿನ ಸುನ್ನಿ ನಾಯಕ ಸಾಯಿಬ್ ಸಲಾಮ್ ಮೊದಲಾದವರು ತಮ್ಮ ನೆಲೆಗಳಲ್ಲೇ ಸೋತರು. ಸಂಖ್ಯೆಯ ಪ್ರಕಾರ ಯಾವ ಪಂಗಡದ ಪಾಲೂ ಕಡಿಮೆಯಾಗಿರಲಿಲ್ಲ. ಆದರೆ ಪಂಗಡದವರು ನಾಯಕರೆಂದು ಒಪ್ಪಿದ್ದವರು ಸಂಸತ್ತಿನ ಹೊರಗೆ ಉಳಿದಿದ್ದರು. ಶಮೂನ್ ಅವರು ಸಂವಿಧಾನ ತಿದ್ದಿ ಇನ್ನೊಂದು ಅವಧಿಗೆ ಅಧ್ಯಕ್ಷರಾಗಲು ಹವಣಿಸುತ್ತಿದ್ದಾರೆ ಎಂಬ ಅನುಮಾನ ಇದಕ್ಕೆ ಸೇರಿತು. ಈಜಿಪ್ಟಿನ ನಾಯಕ ನಾಸರ್ ಅವರ ಅರಬ್ ರಾಷ್ಟ್ರವಾದದ ಅಲೆ ಎದ್ದಿತ್ತು. 1958ರ ಮೇ ತಿಂಗಳಲ್ಲಿ ಬಂಡಾಯ ಸಿಡಿಯಿತು. ಇರಾಕಿನಲ್ಲಿ ರಾಜಪ್ರಭುತ್ವ ಉರುಳಿದ ಮರುದಿನ, ಜುಲೈ 15ರಂದು, ಅಮೆರಿಕದ ನೌಕಾಪಡೆಯ ಯೋಧರು ಬೈರೂತಿನ ತೀರದಲ್ಲಿ ಇಳಿದರು. ಸೇನಾಧಿಪತಿ ಫುವಾದ್ ಶಿಹಾಬ್ ಅಧ್ಯಕ್ಷರಾಗಿ, ಗೆದ್ದವರೂ ಇಲ್ಲ ಸೋತವರೂ ಇಲ್ಲ ಎಂಬ ಘೋಷಣೆಯೊಂದಿಗೆ ಜಗಳ ಮುಗಿಯಿತು. ಶಿಹಾಬ್ ಸರ್ಕಾರಿ ನೌಕರಿಗಳಲ್ಲಿ ಕ್ರೈಸ್ತ-ಮುಸ್ಲಿಂ ಸಮಪಾಲಿನ ಕಡೆಗೆ ಹೆಜ್ಜೆ ಹಾಕಿದರು, 1960ರಲ್ಲಿ 99 ಸ್ಥಾನಗಳ ಹೊಸ ಚುನಾವಣಾ ಕಾನೂನು ಬಂತು. ಸೋತ ನಾಯಕರು ಮರಳಿ ಬಂದರು. ಆದರೂ 54ಕ್ಕೆ 45, ಅಂದರೆ ಅದೇ ಆರಕ್ಕೆ ಐದು, ಹಾಗೆಯೇ ಉಳಿಯಿತು.

ಆ 99ರಲ್ಲಿ ಮರೋನೈಟರಿಗೆ 30, ಸುನ್ನಿಗಳಿಗೆ 20, ಶಿಯಾಗಳಿಗೆ 19. ದಕ್ಷಿಣದ ಬಡ ಹೊಗೆಸೊಪ್ಪಿನ ಬೆಳೆಗಾರರು, ಬೆಕಾದ ಒಕ್ಕಲು ಮಕ್ಕಳು, ಕೆಲಸ ಹುಡುಕಿ ಬೈರೂತಿನ ಅಂಚಿನ ಕೊಳೆಗೇರಿಗಳಿಗೆ ಬಂದವರು ಹೆಚ್ಚಾಗಿ ಶಿಯಾಗಳು. ಅವರ ಸಂಖ್ಯೆ ಬೆಳೆಯುತ್ತಿದ್ದದ್ದು ಎಲ್ಲರ ಕಣ್ಣಿಗೂ ಕಾಣುತ್ತಿತ್ತು. 1974ರಲ್ಲಿ ಧರ್ಮಗುರು ಮೂಸಾ ಅಲ್-ಸದ್ರ್ 'ವಂಚಿತರ ಚಳವಳಿ' ಕಟ್ಟಿದರು. ಊರಿಗೆ ದೂರದ ಮತಪಟ್ಟಿಯೂ ಈ ಅಸಮಾಧಾನಕ್ಕೆ ಸೇರಿತು: ಲೆಬನಾನಿನಲ್ಲಿ ಮತದಾರನ ಹೆಸರು ಅವನು ವಾಸಿಸುವಲ್ಲಿ ಇರುವುದಿಲ್ಲ, ಪೂರ್ವಿಕರ ಊರಿನಲ್ಲಿರುತ್ತದೆ. ಬೈರೂತಿನಲ್ಲಿ ಹುಟ್ಟಿ ಬೆಳೆದವನೂ ಮತ ಹಾಕಲು ತಾತನ ಹಳ್ಳಿಗೆ, ಅಲ್ಲಿನ ಹಳೆಯ ಧಣಿಯ ಬಾಗಿಲಿಗೆ ಹೋಗಬೇಕು. 1975ರ ಆಗಸ್ಟ್‌ನಲ್ಲಿ ಜುಂಬ್ಲಾತ್ ನೇತೃತ್ವದ ರಾಷ್ಟ್ರೀಯ ಚಳವಳಿ ಸಂಸತ್ತಿನಲ್ಲಿ ಪಂಗಡವಾರು ಸ್ಥಾನಗಳನ್ನು ರದ್ದುಮಾಡಬೇಕೆಂದು ಕೇಳಿದಾಗ ಬಂದ ಉತ್ತರ ಕುತೂಹಲಕರವಾಗಿದೆ. ಕ್ರೈಸ್ತ ಬಲಪಂಥೀಯ ನಾಯಕರು, ರದ್ದುಮಾಡುವುದಾದರೆ ಮದುವೆ, ವಾರಸುದಾರಿಕೆಯ ಧಾರ್ಮಿಕ ಕಾನೂನುಗಳನ್ನೂ ಸೇರಿಸಿ ಎಲ್ಲವನ್ನೂ ರದ್ದುಮಾಡಿ ಎಂದರು. ಅದನ್ನು ಮುಸ್ಲಿಂ ಧರ್ಮಗುರುಗಳು ಒಪ್ಪುವಂತಿರಲಿಲ್ಲ. ಪ್ರತಿಯೊಬ್ಬರೂ ತಮಗೆ ಹೊರೆಯಾದ ಭಾಗವನ್ನು ತೆಗೆಯಬೇಕೆಂದರು, ಆಸರೆಯಾದ ಭಾಗವನ್ನು ಉಳಿಸಬೇಕೆಂದರು. ಈ ಮಾತುಗಳು ನಡೆಯುವ ಹೊತ್ತಿಗೆ ಬಂದೂಕು ಮಾತಾಡಲು ಶುರುಮಾಡಿ ನಾಲ್ಕು ತಿಂಗಳಾಗಿತ್ತು. 1975ರ ಏಪ್ರಿಲ್ 13ರಂದು ಬೈರೂತಿನ ಅಂಚಿನ ಐನ್ ಅಲ್-ರುಮ್ಮಾನೆಯಲ್ಲಿ ಪ್ಯಾಲೆಸ್ಟೀನಿಯರಿದ್ದ ಬಸ್ಸಿನ ಮೇಲೆ ನಡೆದ ದಾಳಿಯಿಂದ ಹೊತ್ತಿದ ಯುದ್ಧ 15 ವರ್ಷ ನಡೆದು, ಸುಮಾರು ಒಂದೂವರೆ ಲಕ್ಷ ಜೀವ ತೆಗೆಯಿತೆಂಬುದು ಸಾಮಾನ್ಯವಾಗಿ ಒಪ್ಪಿದ ಅಂದಾಜು.

ಇಲ್ಲಿ ಒಂದು ಗಟ್ಟಿ ಆಕ್ಷೇಪ ಏಳುತ್ತದೆ. ಆ ಯುದ್ಧ ಲೆಬನಾನಿನದೇ ಅಲ್ಲ, ಬೇರೆಯವರು ಲೆಬನಾನಿನ ನೆಲದಲ್ಲಿ ನಡೆಸಿದ ಯುದ್ಧ ಎಂದು ಪತ್ರಕರ್ತ, ರಾಜತಂತ್ರಜ್ಞ ಗಸ್ಸಾನ್ ತುಯೇನಿ ವಾದಿಸಿದ್ದರು. ಪ್ಯಾಲೆಸ್ಟೀನಿ ಸಂಘಟನೆಗಳ ಸೈನಿಕ ನೆಲೆಗಳು, ಅವಕ್ಕೆ ಮನ್ನಣೆ ಕೊಟ್ಟ 1969ರ ಕೈರೋ ಒಪ್ಪಂದ, 1976ರಲ್ಲಿ ಸಿರಿಯಾ ಸೇನೆಯ ಪ್ರವೇಶ, 1982ರಲ್ಲಿ ಇಸ್ರೇಲಿನ ದಂಡಯಾತ್ರೆ, ಇವುಗಳನ್ನು ಬಿಟ್ಟು ಆ ಯುದ್ಧದ ಕಥೆ ಹೇಳಲಾಗದು ಎಂಬುದು ನಿಜ. ಸ್ಥಾನ ಹಂಚಿಕೆ ಮಾತ್ರವೇ ಯುದ್ಧ ತಂದಿತೆಂದು ಯಾವ ಗಂಭೀರ ಚರಿತ್ರಕಾರನೂ ಹೇಳುವುದಿಲ್ಲ. ಆದರೆ ಹೊರಗಿನ ಕಿಡಿ ಒಳಗೆ ಬಿದ್ದಾಗ ಅದನ್ನು ಆರಿಸಬೇಕಾದ ಸರ್ಕಾರ ಏಕೆ ಕೈಕಟ್ಟಿ ನಿಂತಿತು ಎಂಬ ಪ್ರಶ್ನೆಗೆ ಈ ವಾದದಲ್ಲಿ ಉತ್ತರವಿಲ್ಲ. ಸೈನ್ಯವನ್ನು ಕಳಿಸಿದರೆ ಅದು ಕ್ರೈಸ್ತರ ಸೈನ್ಯವೆಂಬ ಸಂಶಯ. ಕಳಿಸದಿದ್ದರೆ ಕ್ರೈಸ್ತರು ತಮ್ಮದೇ ಪಡೆ ಕಟ್ಟುವುದು ಖಚಿತ. ತಮ್ಮ ಸಂಖ್ಯೆಗೆ ತಕ್ಕ ಪಾಲಿಲ್ಲವೆಂದು ನಂಬಿದವರಿಗೆ ಪ್ಯಾಲೆಸ್ಟೀನಿ ಬಂದೂಕು ಪಾಲು ಕೇಳುವ ಬಲವಾಗಿ ಕಂಡಿತು, ಪಾಲು ಕೈಜಾರುವ ಭಯದವರಿಗೆ ಅದೇ ಬಂದೂಕು ಅಳಿವಿನ ಮುನ್ಸೂಚನೆಯಾಗಿ ಕಂಡಿತು. ಪ್ರಮಾಣ ಬದಲಿಸಲು ಸಂಸತ್ತಿನೊಳಗೆ ದಾರಿ ಇದ್ದಿದ್ದರೆ ಹೊರಗಿನವರ ನೆರವಿಗೆ ಇಷ್ಟು ಬೆಲೆ ಬರುತ್ತಿರಲಿಲ್ಲ. 1976ರಲ್ಲಿ ಅಧ್ಯಕ್ಷ ಸುಲೈಮಾನ್ ಫ್ರಾಂಜಿಯೆ ಅರ್ಧಕ್ಕರ್ಧದ ಹಂಚಿಕೆಯನ್ನು ಮುಂದಿಟ್ಟಾಗ ಕಾಲ ಮೀರಿತ್ತು. ಅದೇ ಅರ್ಧಕ್ಕರ್ಧಕ್ಕೆ ಎಲ್ಲರೂ ತಲೆಬಾಗಲು ಇನ್ನೂ 13 ವರ್ಷ, ಸಾವಿರಾರು ಸಾವು ಬೇಕಾದವು.

1989ರ ಅಕ್ಟೋಬರ್‌ನಲ್ಲಿ ಸೌದಿ ಅರೇಬಿಯಾದ ತಾಯಿಫ್ ನಗರದಲ್ಲಿ ಸೇರಿದವರು 1972ರಲ್ಲಿ ಚುನಾಯಿತರಾಗಿ, ಯುದ್ಧದ ಕಾರಣ ಅವಧಿ ವಿಸ್ತರಿಸುತ್ತಾ ಬಂದಿದ್ದ ಸಂಸತ್ತಿನ ಅಳಿದುಳಿದ ಸದಸ್ಯರಲ್ಲಿ 62 ಮಂದಿ. ಅವರು ಒಪ್ಪಿದ ಕರಾರಿನಂತೆ ಸಂಸತ್ತು ಕ್ರೈಸ್ತರಿಗೂ ಮುಸ್ಲಿಮರಿಗೂ ಸಮಪಾಲು. ಅಧ್ಯಕ್ಷರ ಕೈಯಲ್ಲಿದ್ದ ಕಾರ್ಯಾಂಗದ ಅಧಿಕಾರ ಮಂತ್ರಿಮಂಡಲಕ್ಕೆ ವರ್ಗ. ಸಂಸತ್ತಿನ ಶಿಯಾ ಅಧ್ಯಕ್ಷರಿಗೆ ನಾಲ್ಕು ವರ್ಷದ ಭದ್ರ ಅವಧಿ. 1990ರ ಸೆಪ್ಟೆಂಬರ್‌ನಲ್ಲಿ ಇವು ಸಂವಿಧಾನ ಸೇರಿದವು. 108 ಎಂದು ಒಪ್ಪಿದ್ದ ಸ್ಥಾನಗಳನ್ನು 1992ರಲ್ಲಿ 128ಕ್ಕೆ ಏರಿಸಲಾಯಿತು: ಮರೋನೈಟ್ 34, ಗ್ರೀಕ್ ಆರ್ಥೊಡಾಕ್ಸ್ 14, ಗ್ರೀಕ್ ಕ್ಯಾಥೊಲಿಕ್ 8, ಅರ್ಮೇನಿಯನ್ನರು ಮತ್ತು ಇತರ ಕ್ರೈಸ್ತರು 8; ಸುನ್ನಿ 27, ಶಿಯಾ 27, ಡ್ರೂಜ್ 8, ಅಲವಿ 2. ತಾಯಿಫ್ ಇನ್ನೊಂದು ಭರವಸೆಯನ್ನೂ ಕೊಟ್ಟಿತ್ತು, ಅದು ಎಲ್ಲಕ್ಕಿಂತ ದೂರದೃಷ್ಟಿಯದು. ಸಮಪಾಲಿನ ಸಂಸತ್ತು ಬಂದ ಮೇಲೆ ಅಧ್ಯಕ್ಷರ ನೇತೃತ್ವದಲ್ಲಿ ರಾಷ್ಟ್ರೀಯ ಸಮಿತಿಯೊಂದು ಪಂಗಡ ಪದ್ಧತಿಯನ್ನು ಹಂತಹಂತವಾಗಿ ಮುಗಿಸುವ ದಾರಿ ಹುಡುಕಬೇಕು. ಮುಂದೆ ಕೆಳಮನೆಗೆ ಪಂಗಡವಿಲ್ಲದ ಚುನಾವಣೆ ನಡೆದಾಗ ಪಂಗಡಗಳ ಹಿತ ಕಾಯಲು ಒಂದು ಸೆನೆಟ್ ಬರಬೇಕು. ಈ ಸಲ ಸಮಿತಿಯ ಸ್ವರೂಪವೂ ಬರೆದಿತ್ತು. ಗಡುವು ಮಾತ್ರ ಇರಲಿಲ್ಲ. ಆ ಸಮಿತಿ ರಚನೆಯಾಗಲೇ ಇಲ್ಲ, ಸೆನೆಟ್ ಹುಟ್ಟಲೇ ಇಲ್ಲ.

ಮುಂದಿನ 15 ವರ್ಷ ಸಿರಿಯಾ ಸೇನೆಯ ನೆರಳಿನಲ್ಲಿ ಚುನಾವಣೆಗಳು ನಡೆದವು. 1992ರದನ್ನು ಬಹುತೇಕ ಕ್ರೈಸ್ತರು ಬಹಿಷ್ಕರಿಸಿದರು. 2000ದ ಕಾನೂನಿನಲ್ಲಿ ಮರೋನೈಟರ ಭದ್ರಕೋಟೆಯಾದ ಬ್ಶರ್ರಿಯನ್ನು ಸುನ್ನಿ ಬಹುಮತದ ಪ್ರದೇಶಗಳೊಂದಿಗೆ ಹೊಲಿದು ಒಂದು ಕ್ಷೇತ್ರ ಮಾಡಲಾಯಿತು. ಅಲ್ಲಿನ ಮರೋನೈಟ್ ಸ್ಥಾನಗಳ ಹಣೆಬರಹ ಸುನ್ನಿ ಮತಗಳಲ್ಲಿತ್ತು. ನಮ್ಮ ಪ್ರತಿನಿಧಿಗಳನ್ನು ಬೇರೆಯವರು ಆರಿಸುತ್ತಿದ್ದಾರೆ ಎಂಬ ದೂರು ಹೀಗೆ ಬೆಳೆದು, ಪ್ರತಿ ಪಂಗಡವೂ ತನ್ನವರನ್ನು ತಾನೇ ಆರಿಸಲಿ ಎಂಬ ಮಸೂದೆಯ ರೂಪದಲ್ಲಿ 2013ರಲ್ಲಿ ಸಂಸತ್ತಿನ ಜಂಟಿ ಸಮಿತಿಗಳ ಒಪ್ಪಿಗೆಯವರೆಗೆ ಬಂದಿತ್ತು. ಭಾರತದಲ್ಲಿ 1909ರಲ್ಲಿ ಬಂದದ್ದನ್ನೇ ಅದು ನೂರು ವರ್ಷದ ಮೇಲೆ ಲೆಬನಾನಿಗೆ ತರುತ್ತಿತ್ತು. ಅದು ಕಾನೂನಾಗಲಿಲ್ಲ. 2017ರಲ್ಲಿ ಬಂದದ್ದು ಮಧ್ಯದ ದಾರಿ: 15 ಕ್ಷೇತ್ರಗಳು, ಪಟ್ಟಿ ಪಡೆದ ಮತದ ಅನುಪಾತಕ್ಕೆ ತಕ್ಕ ಸ್ಥಾನ, ಜೊತೆಗೆ ಒಬ್ಬ ಅಭ್ಯರ್ಥಿಗೆ ಒಂದು ಆದ್ಯತಾ ಮತ. ಸರ್ಕಾರವೇ ಅಚ್ಚುಹಾಕಿಸಿದ ಮತಪತ್ರ ಮೊದಲ ಬಾರಿಗೆ ಬಂತು. ಅಲ್ಲಿಯವರೆಗೆ ಅಭ್ಯರ್ಥಿಗಳ ಕಡೆಯವರು ಕೊಟ್ಟ ಚೀಟಿಯನ್ನೇ ಪೆಟ್ಟಿಗೆಗೆ ಹಾಕುವುದಿತ್ತು, ಯಾರು ಯಾರಿಗೆ ಹಾಕಿದರೆಂದು ಪತ್ತೆ ಹಚ್ಚುವುದು ಕಷ್ಟವಿರಲಿಲ್ಲ. ಇದು ನಿಜವಾದ ಸುಧಾರಣೆ. ಆದರೆ ಒಂದೇ ಆದ್ಯತಾ ಮತ ಇರುವಾಗ ಜನ ಅದನ್ನು ತಮ್ಮ ಪಂಗಡದವನಿಗೇ ಇಡುತ್ತಾರೆ; ಎಲ್ಲೆ ದಾಟಿ ಮತ ಕೇಳುವ ಹಳೆಯ ಒತ್ತಡ ಸಡಿಲವಾಯಿತು. ಅನುಪಾತವೂ ಪಂಗಡದ ಕೋಟಾವೂ ಒಂದಕ್ಕೊಂದು ಹೊಂದದೆ ವಿಚಿತ್ರಗಳೂ ನಡೆದವು: 2018ರಲ್ಲಿ ಜಹ್ಲೆ ಕ್ಷೇತ್ರದ ಅರ್ಮೇನಿಯನ್ ಸ್ಥಾನ 77 ಆದ್ಯತಾ ಮತ ಪಡೆದ ಅಭ್ಯರ್ಥಿಗೆ ಹೋಯಿತು.

ಪಾಲು ಗಟ್ಟಿಯಾದಂತೆ ಸರ್ಕಾರ ಸಡಿಲವಾಯಿತು. 2009ರಲ್ಲಿ ಚುನಾಯಿತವಾದ ಸಂಸತ್ತು ತನ್ನ ಅವಧಿಯನ್ನು ತಾನೇ ವಿಸ್ತರಿಸುತ್ತಾ 2018ರವರೆಗೆ ಕುಳಿತಿತು. ಅಧ್ಯಕ್ಷರ ಕುರ್ಚಿ 2014ರಿಂದ 2016ರವರೆಗೆ, ಮತ್ತೆ 2022ರ ಅಕ್ಟೋಬರ್‌ನಿಂದ 2025ರ ಜನವರಿಯವರೆಗೆ ಖಾಲಿ ಇತ್ತು, ಏಕೆಂದರೆ ಎಲ್ಲ ಪಾಲುದಾರರೂ ಒಪ್ಪುವ ಒಬ್ಬ ಮರೋನೈಟ್ ಸಿಗಲಿಲ್ಲ. 2019ರ ಅಕ್ಟೋಬರ್ 17ರಿಂದ ಬೀದಿಗಿಳಿದ ಜನ ಎಲ್ಲ ಪಂಗಡಗಳ ಮುಖಂಡರನ್ನೂ ಒಟ್ಟಿಗೆ ಮನೆಗೆ ಹೋಗಿ ಎಂದರು. ಬ್ಯಾಂಕುಗಳು ಕುಸಿದವು, 2020ರ ಆಗಸ್ಟ್ 4ರಂದು ಬೈರೂತ್ ಬಂದರಿನ ಸ್ಫೋಟ ಇನ್ನೂರಕ್ಕೂ ಹೆಚ್ಚು ಜನರನ್ನು ಕೊಂದಿತು. ಎರಡಕ್ಕೂ ಹೊಣೆ ಹೊರಿಸಲು ಹೊರಟಾಗ ಪ್ರತಿ ಅಧಿಕಾರಿಯ ಹಿಂದೆಯೂ ಒಂದು ಪಂಗಡ ನಿಂತಿತು. 2022ರ ಚುನಾವಣೆಯಲ್ಲಿ ಪ್ರತಿಭಟನೆಯ ಹಿನ್ನೆಲೆಯ ಹದಿಮೂರು ಮಂದಿ ಗೆದ್ದರು. ಉಳಿದ ಸ್ಥಾನಗಳಲ್ಲಿ ಬಹುಪಾಲು ಹಳಬರಿಗೇ ಹೋದವು.

ಹಾಗಾದರೆ ಪಂಗಡದ ಕೋಟಾವನ್ನು ಒಂದೇ ಏಟಿಗೆ ಕಿತ್ತುಹಾಕಬಾರದೇಕೆ? ನೆರೆಯ ಸಿರಿಯಾ, ಇರಾಕ್‌ಗಳಲ್ಲಿ ಪಂಗಡದ ಹೆಸರೆತ್ತದ ಗಣರಾಜ್ಯಗಳು ದಶಕಗಳ ಕಾಲ ಒಂದೇ ಪಕ್ಷದ, ಕೊನೆಗೆ ಒಂದೇ ಮನೆತನದ ಸ್ವತ್ತಾದವು. ಲೆಬನಾನಿನಲ್ಲಿ ಯಾವ ಅಧ್ಯಕ್ಷನೂ ಸರ್ವಾಧಿಕಾರಿಯಾಗಲಿಲ್ಲ, ಪತ್ರಿಕೆಗಳು ಬದುಕಿದವು, ಸೋತ ಪಂಗಡವೂ ಸಂಸತ್ತಿನಲ್ಲಿ ಉಳಿಯಿತು. ರಾಜ್ಯಶಾಸ್ತ್ರಜ್ಞ ಅರೆಂಡ್ ಲೈಫಾರ್ಟ್ ತಮ್ಮ ಸಹಭಾಗಿತ್ವದ ಪ್ರಜಾಪ್ರಭುತ್ವದ ಸಿದ್ಧಾಂತಕ್ಕೆ ಈ ನಾಡನ್ನು ಉದಾಹರಿಸಿದ್ದು ಸುಮ್ಮನೆ ಅಲ್ಲ. ಇಂದು ಸಂಖ್ಯೆಯಲ್ಲಿ ಕುಗ್ಗಿರುವ ಕ್ರೈಸ್ತರಿಗೆ, ರದ್ದತಿಯ ಬೇಡಿಕೆ ಎಂದರೆ ಬಹುಸಂಖ್ಯಾತರ ಆಳ್ವಿಕೆಯ ಇನ್ನೊಂದು ಹೆಸರು ಎಂಬ ಭಯ ಇರುವುದೂ ಸಹಜ. ಮದುವೆಯಿಂದ ಮಣ್ಣಾಗುವವರೆಗೆ ಎಲ್ಲವೂ ಮಾನ್ಯತೆ ಪಡೆದ 18 ಪಂಗಡಗಳ ಕಾನೂನಿನಲ್ಲಿರುವಾಗ, ಬೇರೆ ಪಂಗಡದ ಜೋಡಿಗಳು ಮದುವೆಗೆ ಸೈಪ್ರಸ್ಸಿಗೆ ಹೋಗುವಾಗ, ಸಂಸತ್ತಿನ ಕೋಟಾ ಒಂದನ್ನೇ ತೆಗೆದರೆ ಪಂಗಡ ಮಾಯವಾಗುವುದಿಲ್ಲ. ಈ ಆಕ್ಷೇಪಗಳೆಲ್ಲ ಸರಿ. ಆದರೆ ಇವು ಸಾಬೀತುಮಾಡುವುದು ಹಂಚಿಕೆ ಬೇಕು ಎಂಬುದನ್ನು. 1943ರಲ್ಲೋ 1989ರಲ್ಲೋ ಒಪ್ಪಿದ ಪ್ರಮಾಣ ಎಂದೆಂದಿಗೂ ಇರಬೇಕು ಎಂಬುದನ್ನಲ್ಲ. ಕೆಳಮನೆ ನಾಗರಿಕರಿಗೆ, ಮೇಲ್ಮನೆ ಪಂಗಡಗಳಿಗೆ ಎಂಬ ತಾಯಿಫ್‌ನ ಯೋಜನೆ ಭಯಕ್ಕೂ ನ್ಯಾಯಕ್ಕೂ ಜಾಗ ಕೊಟ್ಟಿತ್ತು. ಅದನ್ನು ಜಾರಿಗೆ ತರಬೇಕಾದವರು ಹಳೆಯ ಹಂಚಿಕೆಯಿಂದಲೇ ಗೆದ್ದು ಬಂದವರಾದ್ದರಿಂದ ಅದು ಕಾಗದದಲ್ಲೇ ಉಳಿಯಿತು.

ಗಡುವು ಬರೆದರೆ ಏನಾಗುತ್ತದೆ ಎಂಬುದಕ್ಕೆ ನಮ್ಮ ಸಂವಿಧಾನದಲ್ಲೊಂದು ಸಾಕ್ಷ್ಯವಿದೆ. 1949ರಲ್ಲಿ ಸಂವಿಧಾನ ಸಭೆ ಧಾರ್ಮಿಕ ಅಲ್ಪಸಂಖ್ಯಾತರ ಮೀಸಲು ಸ್ಥಾನಗಳನ್ನು ಕೈಬಿಟ್ಟು, ಪರಿಶಿಷ್ಟ ಜಾತಿ-ಪಂಗಡಗಳ ಮೀಸಲಾತಿಯನ್ನೂ ಆಂಗ್ಲೋ-ಇಂಡಿಯನ್ನರ ನಾಮನಿರ್ದೇಶನವನ್ನೂ ಉಳಿಸಿಕೊಂಡಾಗ 334ನೇ ವಿಧಿಯಲ್ಲಿ ಅವಕ್ಕೆ ಹತ್ತು ವರ್ಷದ ಅವಧಿ ಹಾಕಿತು. ಅವಧಿ ಪ್ರತಿ ಸಲ ವಿಸ್ತರಣೆಯಾಗುತ್ತಲೇ ಬಂದಿದೆಯಲ್ಲ, ಗಡುವಿನಿಂದ ಏನು ಬಂತು ಎಂದು ಕೇಳಬಹುದು. ಬಂದದ್ದು ಇಷ್ಟು: ಪ್ರತಿ ಹತ್ತು ವರ್ಷಕ್ಕೊಮ್ಮೆ ಸಂಸತ್ತು ಆ ಏರ್ಪಾಟು ಇನ್ನೂ ಬೇಕೇ ಎಂದು ಎದ್ದು ನಿಂತು ಹೇಳಬೇಕಾಯಿತು. ಪರಿಶಿಷ್ಟರ ವಿಷಯದಲ್ಲಿ ಬೇಕು ಎಂದು 2030ರವರೆಗೆ ವಿಸ್ತರಿಸಿತು. ಲೋಕಸಭೆಯ ಎರಡು, ಕರ್ನಾಟಕ ವಿಧಾನಸಭೆಯ ಒಂದು ಸೇರಿದಂತೆ ಆಂಗ್ಲೋ-ಇಂಡಿಯನ್ ಸ್ಥಾನಗಳನ್ನು 2020ರ ಜನವರಿಗೆ ಮುಗಿಸಿತು. ಆ ಎರಡನೆಯ ತೀರ್ಮಾನ ಸರಿಯೇ ಎಂಬ ಬಗ್ಗೆ ವಾದವಿದೆ. ಆದರೆ ವಾದ ಸದನದೊಳಗೆ ಮತದಾನದಿಂದ ತೀರಿತು, ಬೀದಿಯಲ್ಲಿ ಬಂದೂಕಿನಿಂದ ತೀರಲಿಲ್ಲ. ಲೆಬನಾನಿನಲ್ಲಿ 1861, 1943, 1958, 1989ರ ಏರ್ಪಾಟುಗಳ ಹಿಂದೆಯೂ 2008ರಲ್ಲಿ ಕತಾರಿನ ದೋಹಾದಲ್ಲಿ ಒಪ್ಪಿದ ಕ್ಷೇತ್ರ ಗಡಿಗಳ ಹಿಂದೆಯೂ ರಕ್ತಪಾತವೋ ಅದರ ಬೆದರಿಕೆಯೋ ಇತ್ತು, ಹೊರದೇಶದ ಮಧ್ಯಸ್ಥಿಕೆಯೋ ಸೇನೆಯೋ ಇತ್ತು. ಸಮುದಾಯಗಳ ನಡುವೆ ಅಧಿಕಾರ ಹಂಚಲು ಹೊರಡುವ ಯಾವ ನಾಡಾದರೂ ಯಾರಿಗೆಷ್ಟು ಎಂದು ಬರೆಯುವ ದಿನವೇ ಅದನ್ನು ಮತ್ತೆ ಯಾವಾಗ, ಯಾವ ಎಣಿಕೆಯ ಮೇಲೆ, ಯಾರು ನೋಡಬೇಕು ಎಂದೂ ಬರೆಯಬೇಕು. ಅದನ್ನು ಬರೆಯಲು ಧೈರ್ಯವಿಲ್ಲದವರು ಮೊದಲನೆಯದನ್ನೂ ಬರೆಯಬಾರದು.